ಎಣಿಸುವ ಬಾಯಿ

"ಸಾರ್, ಕತ್ತು ಅಲ್ಲಾಡಿಸ್ಬೇಡಿ. ಅಳೋ ಸೀನು ನಿಮಗೆ, ನನ್ನನ್ನ ಅಳಿಸ್ಬೇಡಿ," ಎಂದ ಮೇಕಪ್ಪಿನವನು ಹುಬ್ಬಿಗೆ ಬಿಳಿ ಹಚ್ಚುತ್ತಾ. ಆಮೇಲೆ ಕನ್ನಡಿಯಲ್ಲೇ ಕಣ್ಣು ಕಿರಿದು ಮಾಡಿ ನೋಡಿದ. "ಅಯ್ಯೋ, ನೀವು ಮಿಡತೆ ಅಲ್ವಾ? ಹಳೇ ಪಿಚ್ಚರಲ್ಲಿ ಆ ಹೆಸರಿನ ಪುಟ್ಟ ಹುಡುಗ! ನಮ್ಮಮ್ಮ ನಿಮ್ಮನ್ನ ನೋಡಿ ಅತ್ತೂ ಅತ್ತೂ ಸೆರಗು ಹಿಂಡ್ತಿದ್ಲು. ಎಲ್ಲಿ, ಆ ಡೈಲಾಗು ಒಂದ್ಸಲ ಹೇಳಿ."

ಮಿಡತೆ ನಕ್ಕನೇ ಹೊರತು ಹೇಳಲಿಲ್ಲ. ಹೇಳಿದರೆ ಕೇಳಿದವರ ಮುಖ ಬಾಡುವುದು ಅವನಿಗೆ ಗೊತ್ತಿತ್ತು. ಊರೆಲ್ಲ ಬಾಯಿಪಾಠ ಮಾಡಿಕೊಂಡಿದ್ದ ಆ ಮಾತು ಅವನ ಬಾಯಿಂದ ಹೊರಟದ್ದೇ ಅಲ್ಲ. ಆಗೆಲ್ಲ ದನಿಯನ್ನು ಆಮೇಲೆ ಕೂಡಿಸುತ್ತಿದ್ದರು. ಉದ್ದ ಮಾತು ಅವನ ತಲೆಯಲ್ಲಿ ನಿಲ್ಲುತ್ತಿರಲಿಲ್ಲವೆಂದು ಅವತ್ತಿನ ಡೈರೆಕ್ಟರು, "ಕಂದಾ, ಸುಮ್ನೆ ಒಂದು, ಎರಡು ಅಂತ ಎಣಿಸ್ತಾ ಹೋಗು. ತುಟಿ ಆಡಿದ್ರೆ ಸಾಕು," ಎಂದಿದ್ದರು. ಅಪ್ಪ ಸಾಯುವ ಸೀನಿಗೂ ಎಣಿಕೆ, ಅಮ್ಮನನ್ನು ಕರೆಯುವ ಸೀನಿಗೂ ಎಣಿಕೆ. ಕಣ್ಣೀರು ಮಾತ್ರ ಅವನದು. ದನಿ, ಮೊಮ್ಮಕ್ಕಳಿದ್ದ ಒಬ್ಬ ದಪ್ಪ ಹೆಂಗಸಿನದು.

ಮೀಸೆ ಚಿಗುರಿದ ಮೇಲೆ ಯಾರೂ ಕರೆಯಲಿಲ್ಲ. ಅಂಗಡಿ ಕೆಲಸ, ವ್ಯಾನು ಓಡಿಸುವುದು, ಗೇಟು ಕಾಯುವುದು, ಯಾವುದೂ ಕೈಗೆ ಹತ್ತಲಿಲ್ಲ. ಕೊನೆಗೆ ಉಳಿದದ್ದು ಅಕ್ಕನ ಮನೆಯ ಹಿಂಬದಿಯ ಕೋಣೆ. ಅದಕ್ಕೂ ಭಾವ ನಿನ್ನೆ ಊಟದ ಹೊತ್ತಿನಲ್ಲಿ ಕಡ್ಡಿ ಮುರಿದಂತೆ ಹೇಳಿಬಿಟ್ಟಿದ್ದ: "ಈ ಪಾರ್ಟು ಗಟ್ಟಿಯಾದ್ರೆ ಇಲ್ಲಿರು. ಇಲ್ಲಾಂದ್ರೆ ನಿನ್ನ ದಾರಿ ನೋಡ್ಕೊಳಪ್ಪ. ಐವತ್ತು ವರ್ಷದ ಮಗೂನ ಸಾಕೋಕೆ ನನ್ ಕೈಲಾಗಲ್ಲ."

ಈ ಪಿಚ್ಚರಿನ ಡೈರೆಕ್ಟರ ಮನೆ ಬಾಗಿಲು ತುಳಿದು ತುಳಿದು ಪಾರ್ಟು ಕೊಡಿಸಿದವಳು ಅಕ್ಕ. ಇವತ್ತೂ ಬುತ್ತಿ ಹಿಡಿದು ಜೊತೆಗೇ ಬಂದಿದ್ದಳು.

"ನೀನು ಮನೆಗೆ ಹೋಗಕ್ಕ," ಎಂದ ಮಿಡತೆ.

"ಜಾರೋ ಚಡ್ಡಿ ಏರಿಸಿ ನಿನ್ನ ಕ್ಯಾಮೆರಾ ಮುಂದೆ ನಿಲ್ಲಿಸ್ತಿದ್ದೋಳು ನಾನು ಕಣೋ. ಈಗ ಹೋಗು ಅಂತೀಯಾ? ನಡಿ ನಡಿ, ಹೊರಗೆ ಕೂತಿರ್ತೀನಿ."

ಒಳಗೆ ಆಸ್ಪತ್ರೆಯ ಹೆಣದ ಮನೆಯ ಸೆಟ್ಟು. ಮೇಜುಗಳ ಮೇಲೆ ಬಿಳಿ ಬಟ್ಟೆ ಹೊದ್ದ ದೇಹಗಳು. ಕಾವಲುಗಾರನ ವೇಷದವನು ಒಂದು ಬಟ್ಟೆ ಸರಿಸುತ್ತಾನೆ, ತಂದೆಯ ವೇಷದ ಮಿಡತೆ ನೋಡಿ, "ಹೌದು, ನನ್ನ ಮಗನೇ. ಈ ಅಂಗಿ ನಾನೇ ಕೊಡಿಸಿದ್ದು," ಅನ್ನಬೇಕು. ಇಷ್ಟೇ ಮಾತು. ಅದನ್ನು ಅವನು ಬಚ್ಚಲಲ್ಲಿ ನಲ್ಲಿ ಬಿಟ್ಟುಕೊಂಡು ವಾರವೆಲ್ಲ ಹೇಳಿಕೊಂಡಿದ್ದ.

"ದನಿ ಇಲ್ಲೇ ಹಿಡೀತೀವಿ ಸಾರ್. ಆಮೇಲೆ ಸೇರಿಸೋ ಕಾಲ ಹೋಯ್ತು," ಎಂದ ಎಳೆಯ ಡೈರೆಕ್ಟರು.

ಬಟ್ಟೆ ಸರಿಯಿತು. ಮಿಡತೆಯ ಗಲ್ಲ ನಡುಗಿತು, ಕಣ್ಣು ತುಂಬಿ ಬಂತು. ಸೆಟ್ಟಿನಲ್ಲಿದ್ದವರೆಲ್ಲ ಉಸಿರು ಬಿಗಿಹಿಡಿದರು. ಅವನು ಬಾಯಿ ತೆರೆದ.

"ಒಂದು, ಎರಡು, ಮೂರು, ನಾಲ್ಕು..."

ಮೊದಲು ಯಾರಿಗೂ ತಿಳಿಯಲಿಲ್ಲ. ಆಮೇಲೆ ಮೇಲಿನಿಂದ ಲೈಟಿನವನೊಬ್ಬ, "ಹೆಣ ಎಣಿಸ್ತಿದೀರಾ ಯಜಮಾನ್ರೇ?" ಎಂದ. ಎಲ್ಲರೂ ಗೊಳ್ಳೆಂದರು.

ಮತ್ತೆ ತೆಗೆದರು. ಮಾತನ್ನು ಹಲ್ಲು ಕಚ್ಚಿ ಹಿಡಿದುಕೊಂಡರೆ ಮುಖ ಕೊರಡಾಯಿತು. ಮತ್ತೂ ತೆಗೆದರು. ದುಃಖ ಉಕ್ಕಿ ಬಂದಾಗ ಮಾತು ಎತ್ತಲೋ ಓಡಿ, ತುಟಿಗೆ ಅದೇ ಎಣಿಕೆ ಬಂತು. ಈ ಸಲ ಯಾರೂ ನಗಲಿಲ್ಲ.

ಡೈರೆಕ್ಟರು ಹತ್ತಿರ ಬಂದು ಹೆಗಲ ಮೇಲೆ ಕೈಯಿಟ್ಟ. "ನಿಮ್ಮ ಮುಖ ಬಂಗಾರ ಸಾರ್. ಆದ್ರೆ ಏನು ಮಾಡ್ಲಿ, ಸಂಜೆಗೆ ಜಾಗ ಬಿಡ್ಬೇಕು." ತಂದೆಯ ಪಾರ್ಟು ಕಾವಲುಗಾರನ ವೇಷದವನಿಗೆ ಹೋಯಿತು. ಮಿಡತೆಯ ಕೋಟನ್ನು ಅಲ್ಲೇ ಬಿಚ್ಚಿಸಿ ಅವನಿಗೆ ತೊಡಿಸಿದರು.

"ಏನಾದ್ರೂ ಕೊಡಪ್ಪಾ," ಎಂದ ಮಿಡತೆ. 'ಸಾರ್' ಅನ್ನುವುದೂ ಮರೆತಿತ್ತು. "ಮಾತಿಲ್ಲದ್ದು ಯಾವುದಾದ್ರೂ. ಬರೀ ಕೈಲಿ ಮನೆಗೆ ಹೋಗೋಹಂಗಿಲ್ಲ ನಾನು."

ಡೈರೆಕ್ಟರು ಸುತ್ತ ನೋಡಿದ. "ಹಿಂದಿನ ಸಾಲಲ್ಲಿ ಒಂದು ಮೇಜು ಖಾಲಿಯಿದೆ. ಮುಖ ಕಾಣಲ್ಲ, ಮತ್ತೆ..."

"ಆಗ್ಲಿ."

ಮೇಜು ಬೆನ್ನಿಗೆ ತಣ್ಣಗೆ ತಾಗಿತು. ಯಾರೋ ಬಟ್ಟೆಯನ್ನು ತಲೆಯ ಮೇಲಿನವರೆಗೂ ಎಳೆದರು. ಬಾಗಿಲ ಕಡೆಯಿಂದ ಅಕ್ಕನ ದನಿ ಕೇಳಿತು: "ನನ್ನ ತಮ್ಮ ಎಲ್ಲಿ? ಕಾಣ್ತಾನೇ ಇಲ್ವಲ್ಲ?"

"ಶ್, ಅಮ್ಮಾ!" ಎಂದರು ಯಾರೋ.

"ಹಿಂದಿನ ಮೂಲೇ ಹೆಣ ಉಸಿರಾಡ್ತಿದೆ," ಎಂದು ಕ್ಯಾಮೆರಾದವನು ಕೂಗಿದ.

ಬಾಯಿಯ ಮೇಲೆ ಏಳುತ್ತಾ ಬೀಳುತ್ತಾ ಇದ್ದ ಬಟ್ಟೆ ಮೆಲ್ಲಗೆ ಇಳಿದು, ತುಟಿಗೆ ಅಂಟಿಕೊಂಡು, ಹಾಗೇ ನಿಂತಿತು.