ಅತ್ತೆ ಮುಟ್ಟದ ಅಂಗಿ

ಹೊಸ ಬಟ್ಟೆ ಹಾಳು ಮಾಡುವುದೇ ನಮ್ಮನೆಯವರ ಕೆಲಸ ಎಂದರೆ ನೆಂಟರು ನಗುತ್ತಾರೆ. ನಗಲಿ, ಸುಳ್ಳೇನಲ್ಲ. ಅವರು ಸಿನಿಮಾಗಳಿಗೆ ಉಡುಪು ಮಾಡುವವರು. ರಾಜನ ಪೋಷಾಕು ಯಾರು ಬೇಕಾದರೂ ಹೊಲಿದಾರು, ಬಡವನ ಅಂಗಿಯೇ ಕಷ್ಟ ಎನ್ನುವುದು ಅವರ ಮಾತು. ಅಂಗಡಿಯಿಂದ ತಂದ ಗರಿಗರಿ ಅಂಗಿಯನ್ನು ಟೀ ಡಿಕಾಕ್ಷನ್ನಿನಲ್ಲಿ ಅದ್ದಿ, ಕಾಲರಿಗೆ ಉಪ್ಪುಕಾಗದ ತಿಕ್ಕಿ, ಜೇಬಿಗೆ ಕಲ್ಲು ತುಂಬಿ ನೇತುಹಾಕುತ್ತಾರೆ. ಯಾರೋ ವರ್ಷಗಟ್ಟಲೆ ತೊಟ್ಟ ಹಾಗೆ ಕಾಣುವವರೆಗೂ ಬಿಡುವವರಲ್ಲ. ಮನೆಗೆ ತರಕಾರಿ ತರುವಾಗ ಇದರ ಕಾಲುಭಾಗ ಗಮನವಿದ್ದರೂ ನಾನು ಪುಣ್ಯವಂತೆ.

ಅತ್ತೆ ಇದಕ್ಕೆ ತದ್ವಿರುದ್ಧ. ಅವರ ಕಣ್ಣಿಗೆ ಬಿದ್ದ ಹರಕು ಹರಕಾಗಿ ಉಳಿದದ್ದೇ ಇಲ್ಲ. ಮಂಡಿನೋವು ಶುರುವಾದ ಮೇಲೆ ಅಡುಗೆಮನೆ ನನ್ನದಾಯಿತು, ಹೊರಗಿನ ಓಡಾಟ ಮಗನದಾಯಿತು. ಅವರ ಪಾಲಿಗೆ ಉಳಿದದ್ದು ಸೂಜಿದಾರ ಒಂದೇ. ಕಿಟಕಿ ಪಕ್ಕದ ಕುರ್ಚಿಯಲ್ಲಿ ಕೂತು, "ಏನಾದ್ರೂ ಹರಿದಿರೋದು ಇದ್ರೆ ಕೊಡೇ" ಎಂದು ದಿನಾ ಕೇಳುವರು. ಏನೂ ಸಿಗದಿದ್ದರೆ ದಿಂಬಿನ ಹೊಲಿಗೆಯನ್ನು ನಾನೇ ಬಿಚ್ಚಿ ಕೊಟ್ಟದ್ದೂ ಉಂಟು. ಕೆಲಸವಿಲ್ಲದೆ ಕೂತ ದಿನ ಅವರ ಮುಖ ನೋಡಲಾಗುತ್ತಿರಲಿಲ್ಲ.

ಒಂದು ಬೆಳಿಗ್ಗೆ ಇವರು ಸ್ನಾನಕ್ಕೆ ಹೋಗಿದ್ದರು. ಹೀರೋನ ಅಂಗಿ ಕುರ್ಚಿಯ ಬೆನ್ನ ಮೇಲಿತ್ತು. ಬಲ ಮೊಣಕೈ ಹರಿದ ಅಂಗಿ. ಅದನ್ನು ತೊಟ್ಟು ಹೀರೋ ಬಾಗಿಲು ತಟ್ಟುವುದರ ಚಿತ್ರೀಕರಣ ಮುಗಿದಿತ್ತು, ಒಳಗೆ ಬರುವುದು ಅವತ್ತು. ಒಂದೆಳೆಯೂ ಆಚೀಚೆ ಆಗುವಂತಿರಲಿಲ್ಲ. ಇವರು ತಲೆ ಒರೆಸಿಕೊಳ್ಳುತ್ತ ಬಂದು ನೋಡಿದರೆ ಅತ್ತೆ ಕೊನೆಯ ದಾರ ಹಲ್ಲಿನಿಂದ ಕಡಿಯುತ್ತಿದ್ದಾರೆ. ಹರಕು ಎಲ್ಲಿತ್ತೆಂದೇ ಗೊತ್ತಾಗುತ್ತಿರಲಿಲ್ಲ.

"ಯಾರಮ್ಮ ನಿನ್ನ ಕೇಳಿದ್ದು? ಎಷ್ಟು ದಿನದ ಕೆಲಸ ಗೊತ್ತಾ ಇದು? ಎಲ್ಲಾ ಹಾಳ್ಮಾಡಿಬಿಟ್ಟೆ!"

"ನಿಂದೇ ಅಂದ್ಕೊಂಡೆ ಕಣೋ..."

ಇವರು ಕೇಳಿಸಿಕೊಳ್ಳಲಿಲ್ಲ. ಬ್ಲೇಡು ತಂದು, ಅವರ ಕಣ್ಣೆದುರಿಗೇ ಆ ಹೊಲಿಗೆಯನ್ನೆಲ್ಲ ಕಿತ್ತು ಹಾಕಿದರು. ತಡೆಯಲು ಬಾಯಿ ತೆರೆದ ನನಗೂ ಬೈಗುಳ ಬಿತ್ತು. ಅತ್ತೆ ಮಡಿಲಿಗೆ ಬಿದ್ದ ದಾರದ ತುಣುಕುಗಳನ್ನು ಆಯ್ದುಕೊಂಡರು.

ಹರಕು ಮೊದಲಿನ ಹಾಗೆ ಆಗಲೇ ಇಲ್ಲ. ಸಿನಿಮಾ ತೆರೆಗೆ ಬಂದಾಗ ಅದನ್ನು ಒಬ್ಬ ನರಪಿಳ್ಳೆಯೂ ಗಮನಿಸಲಿಲ್ಲ. ಅಷ್ಟಕ್ಕೇ ಅಷ್ಟು ರಂಪ.

ಅಷ್ಟರಲ್ಲಿ ಅತ್ತೆ ಸೂಜಿಯ ಡಬ್ಬಿಯನ್ನು ನನ್ನ ಕೈಗೆ ಕೊಟ್ಟು, "ನಿನ್ನ ಹತ್ರಾನೇ ಇರ್ಲಿ" ಎಂದುಬಿಟ್ಟಿದ್ದರು. ದಿಂಬು ಕೊಟ್ಟರೆ, "ಟೈಲರ್ ಹತ್ರ ಹೊಲಿಸೇ" ಎನ್ನುವರು. ಬರಿಗೈಯಲ್ಲಿ ಕಿಟಕಿ ಪಕ್ಕ ಕೂತಿರುವರು. ಇವರಿಗೆ ಊಟ ಸೇರದು, ಕ್ಷಮಿಸು ಅನ್ನಲು ಬಾಯೂ ಬಾರದು. ಗಂಡಸರ ಹಣೆಬರಹವೇ ಅಷ್ಟು.

ಕೊನೆಗೆ ತಮಗೆ ಗೊತ್ತಿದ್ದ ವಿದ್ಯೆಯನ್ನೇ ಹಿಡಿದರು. ತಮಗೆಂದು ಆಗಷ್ಟೇ ಕೊಂಡಿದ್ದ ನೀಲಿ ಅಂಗಿ ತೆಗೆದುಕೊಂಡು, ಬಾಗಿಲು ಹಾಕಿಕೊಂಡು, ಮೊಣಕೈ ತಿಕ್ಕಿ, ಎಳೆ ಬಿಡಿಸಿ, ಮೆಲ್ಲಗೆ ಹರಿದರು. ಮೊದಲೇ ಹೇಳಿರದಿದ್ದರೆ ನಾನೂ ನಿಜವೆಂದೇ ನಂಬುತ್ತಿದ್ದೆ.

"ಅಮ್ಮಾ, ನನ್ನ ಅಂಗಿ ಹರಿದುಹೋಗಿದೆ. ಸ್ವಲ್ಪ ಹೊಲಿದುಕೊಡ್ತೀಯಾ?"

ಅತ್ತೆ ಕನ್ನಡಕ ಹಾಕಿಕೊಂಡರು. ಹರಕಿನ ಅಂಚನ್ನು ಬೆರಳಲ್ಲಿ ಸವರಿದರು. ನಾನು ಡಬ್ಬಿ ಹಿಡಿದು ಬಾಗಿಲಲ್ಲೇ ನಿಂತಿದ್ದೆ.

"ನಿನ್ನದಾ? ನೀನು ಪೇಪರ್ ಓದೋವಾಗ್ಲೂ ಎಡಗೈ ಊರೋನು. ಬಲಗಡೆ ಹೇಗೋ ಸವೆಯುತ್ತೆ?"

ಅಭ್ಯಾಸಬಲದಿಂದ ಹೀರೋನ ಮೊಣಕೈಯನ್ನೇ ಹರಿದುಬಿಟ್ಟಿದ್ದರು ಮಹಾನುಭಾವರು.

"ಸಿನಿಮಾದ್ದು ತಾನೇ?" ಅತ್ತೆಯ ಮುಖ ಅರಳಿತು. "ಎಷ್ಟು ಚೆನ್ನಾಗಿ ಹರಿದಿದ್ದೀಯೋ! ನಿಜವಾಗ್ಲೂ ಹರಿದ ಹಾಗೇ ಇದೆ."

ಮಗನ ಕೆಲಸವನ್ನು ಅವರು ಹೊಗಳಿದ್ದನ್ನು ನಾನು ಕೇಳಿದ್ದು ಅದೇ ಮೊದಲು. ಇವರ ಕಣ್ಣಲ್ಲಿ ನೀರು ತುಂಬಿತ್ತು.

"ನೀನು ಹೊಲಿ ಅಮ್ಮಾ. ಹೊಲೀಲಿ ಅಂತಾನೇ ತಂದಿದ್ದು."

"ಬೇಡಪ್ಪ." ಎಳೆಗಳು ಎಲ್ಲೂ ಸಿಕ್ಕಿಕೊಳ್ಳದ ಹಾಗೆ ಹರಕನ್ನು ಮೇಲೆ ಮಾಡಿ, ಅಂಗಿಯನ್ನು ಮಡಿಸಿ ಮಗನ ಕೈಗಿಟ್ಟರು. "ಜೋಪಾನವಾಗಿ ತಗೊಂಡು ಹೋಗು. ನಾನೇನೂ ಕೆಡಿಸಿಲ್ಲ."