ಹೆಣವಿಲ್ಲದ ಅಳು

ಎದುರಿಗೆ ಹೆಣವಿಲ್ಲದೆ ಹೇಗೆ ಅಳುವುದೆಂದು ಕೆಂಪವ್ವನಿಗೆ ತಿಳಿಯಲಿಲ್ಲ. ಅಂಗಳದಲ್ಲಿ ಕಂಬಳಿ ಹಾಸಿ ಅವಳನ್ನು ಕೂರಿಸಿದ್ದರು. ಮೂರು ಕಾಲಿನ ಕೋಲಿನ ಮೇಲೆ ನಿಲ್ಲಿಸಿದ ಮೊಬೈಲು ಅವಳ ಮುಖವನ್ನೇ ನೋಡುತ್ತಿತ್ತು. ಅದರ ಹಿಂದೆ, ವಿಶ್ವವಿದ್ಯಾಲಯದಿಂದ ಬಂದ ಕಾಂಚನ ಎಂಬ ಹುಡುಗಿ ತೊಡೆಯ ಮೇಲೆ ಹಾಳೆಗಳ ಕಟ್ಟು ಇಟ್ಟುಕೊಂಡು ಕಾಯುತ್ತಿದ್ದಳು.

"ಶುರು ಮಾಡ್ರಿ ಆಯಿ. ನಿಮಗ ಹೆಂಗ ಬರತೈತಿ ಹಂಗ," ಎಂದಳು ಕಾಂಚನ.

"ಯಾರಿಗಂತ ಅಳಲಿ ತಂಗಿ?"

"ಯಾರಿಗಾದ್ರೂ. ಸುಮ್ನ ಯಾರೋ ಸತ್ತಾರಂತ ಅಂದ್ಕೊಳ್ರಿ."

ಕೆಂಪವ್ವ ಸೆರಗು ಸರಿಮಾಡಿಕೊಂಡಳು. ಸಾವನ್ನು ಸುಮ್ಮನೆ ಅಂದುಕೊಳ್ಳುವ ಧೈರ್ಯ ಓದಿದವರಿಗೇ ಇರಬೇಕು.

ಬೇಡಕಿಹಾಳದ ಅಂಚಿಗಿರುವ ಆ ಕುರಿಯವರ ಓಣಿಯಲ್ಲಿ ಯಾರೇ ಸತ್ತರೂ ಮೊದಲು ಕರೆಯುವುದು ಕೆಂಪವ್ವನನ್ನು. ಹೆಣದ ತಲೆಯ ಹತ್ತಿರ ಕುಳಿತು, ಸತ್ತವರ ದುಡಿಮೆ, ಅವರು ನಡೆದ ದಾರಿ, ಅರ್ಧಕ್ಕೇ ಬಿಟ್ಟುಹೋದ ಕೆಲಸ ಎಲ್ಲವನ್ನೂ ಅವಳು ಹಾಡಿ ಹಾಡಿ ಅಳುತ್ತಿದ್ದರೆ ಗಂಡಸರೂ ಗೋಡೆಗೆ ಮುಖ ಮಾಡಿ ನಿಲ್ಲುತ್ತಿದ್ದರು. ಬದುಕಿದ್ದಾಗ ಯಾರಿಂದಲೂ ಒಳ್ಳೆಯವನೆನ್ನಿಸಿಕೊಳ್ಳದ ಪುಣ್ಯಾತ್ಮನಿಗೂ ಸತ್ತ ದಿನ ಅವಳ ಬಾಯಿಂದ ನಾಲ್ಕು ಒಳ್ಳೆಯ ಮಾತು ಸಿಗುತ್ತಿತ್ತು. ಈಗಿನ ಸೊಸೆಯಂದಿರಿಗೆ ಆ ಹಾಡು ಬಾರದು. ಅವರು ಭಜನೆಯವರನ್ನು ಕರೆಸಿ ಮೈಕು ಹಚ್ಚಿ ಒಳಗೆ ಚಹಾ ಕಾಸುತ್ತಾರೆ.

ಕಾಂಚನ ಬಂದು ನಾಲ್ಕು ದಿನವಾಗಿತ್ತು. ಹೊಕ್ಕುಳಬಳ್ಳಿಯನ್ನು ಎಲ್ಲಿ ಹೂಳುತ್ತೀರಿ, ಮದುವೆಯಲ್ಲಿ ಕೈಗೆ ಕಟ್ಟುವುದು ಹತ್ತಿಯ ದಾರವೋ ಉಣ್ಣೆಯ ದಾರವೋ, ಬೀರದೇವರಿಗೆ ಏನು ಎಡೆ ಹಿಡಿಯುತ್ತೀರಿ ಎಂದು ಮನೆಮನೆಗೆ ಹೋಗಿ ಕೇಳಿ ಬರೆದುಕೊಂಡಿದ್ದಳು. ಸರ್ಕಾರದ ಅಧ್ಯಯನವಂತೆ. ಈ ಜನರ ನಡೆನುಡಿ ಬೇರೆಯವರಿಗಿಂತ ಬೇರೆಯೇ ಇದೆಯೆಂದು ವರದಿಯಲ್ಲಿ ಬಂದರೆ ಓಣಿಯವರನ್ನು ಮೀಸಲಾತಿಯ ಇನ್ನೊಂದು ಪಟ್ಟಿಗೆ ಸೇರಿಸುತ್ತಾರೆ. ಮಕ್ಕಳಿಗೆ ಸಿಗುವ ಸರ್ಟಿಫಿಕೇಟೂ ಬದಲಾಗುತ್ತದೆ. ಇದನ್ನೆಲ್ಲ ಮನೆಮನೆಗೆ ತಿಳಿಸಿ ಹೇಳಿದವನು ಸಮಾಜದ ಸಂಘದ ಕಾರ್ಯದರ್ಶಿ ಜ್ಞಾನದೇವ. ನಿಪ್ಪಾಣಿಯಲ್ಲಿ ಗೊಬ್ಬರದ ಅಂಗಡಿ ಇಟ್ಟವನು. ಹದಿನೈದು ವರ್ಷದಿಂದ ಕುರಿಯ ಹಿಂಡಿನ ಹತ್ತಿರ ಸುಳಿಯದಿದ್ದರೂ ಈ ನಾಲ್ಕು ದಿನ ಹೆಗಲ ಮೇಲೆ ಹೊಸ ಕಂಬಳಿ ಹೊದ್ದೇ ಓಡಾಡುತ್ತಿದ್ದ. ಮಂತ್ರಕ್ಕಿಂತ ಉಗುಳೇ ಹೆಚ್ಚು ಎಂದು ಕೆಂಪವ್ವನ ಗಂಡ ಭೀಮಸಿ ಅವನನ್ನು ನೋಡಿ ಗೊಣಗಿದ್ದ.

ಎಲ್ಲ ಬರೆದಾಗಿತ್ತು. ಸಾವಿನ ಪದ್ಧತಿಯದೊಂದು ಉಳಿದಿತ್ತು. ಹಾಡಿ ಅಳುವುದನ್ನು ಬಲ್ಲವಳು ಓಣಿಯಲ್ಲಿ ಒಬ್ಬಳೇ, ಮತ್ತು ಅವಳು ಬೆಳಿಗ್ಗೆಯಿಂದ ಒಲ್ಲೆ ಎನ್ನುತ್ತಿದ್ದಳು.

ಒಲ್ಲೆ ಎನ್ನಲು ಕಾರಣವಿತ್ತು. ಹೆಣವಿಲ್ಲದೆ ಆ ಹಾಡು ಹಾಡಿದರೆ ಅದು ಹೆಣವನ್ನು ಹುಡುಕಿಕೊಂಡು ಮನೆಯೊಳಗೆ ಬರುತ್ತದೆ. ಹಿಂದೆ ತುಳಸವ್ವ ಎಂಬುವಳು ತಂಬಾಕಿನ ಹೊಲದಲ್ಲಿ ಜೊತೆಯವರನ್ನು ನಗಿಸಲು ಸತ್ತವರ ಹಾಡು ಹಾಡಿ ತೋರಿಸಿದ್ದಳು. ಎಂಟು ದಿನದೊಳಗೆ ಅವಳ ಮೈದುನ ಬಾವಿಗೆ ಬಿದ್ದ. ಕೆಂಪವ್ವ ಅದನ್ನು ಕಣ್ಣಾರೆ ಕಂಡವಳು. ಮೇಲಾಗಿ ಭೀಮಸಿ ದಸರೆಯಿಂದ ಕೆಮ್ಮುತ್ತಿದ್ದ. ಎರಡು ಸಲ ಆಸ್ಪತ್ರೆಗೆ ಹೋಗಿ ಬಂದಿದ್ದ. ಅಂಗಳದ ಬೇವಿನ ಕೆಳಗೆ ಕುಳಿತು ಉಣ್ಣೆ ನೂಲುತ್ತಿದ್ದ ಅವನ ಬೆನ್ನು ಬಿಲ್ಲಿನಂತೆ ಬಾಗಿತ್ತು. ಅವನನ್ನು ಎದುರಿಗಿಟ್ಟುಕೊಂಡು ಆ ಹಾಡಿಗೆ ಬಾಯಿ ತೆರೆಯುವುದು ಅವಳಿಂದಾಗದ ಮಾತಾಗಿತ್ತು.

"ಕಾಕು, ಎರಡ ನಿಮಿಷದ ಮಾತ," ಜ್ಞಾನದೇವ ಬಗ್ಗಿ ಅವಳ ಕಿವಿಯಲ್ಲಿ ಹೇಳಿದ. "ಸಾವಿನ ಪದ್ಧತಿ ಜಾಗಾ ಖಾಲಿ ಉಳದ್ರ ಇವರಿಗೆ ಸ್ವಂತದ್ದು ಏನೂ ಇಲ್ಲ ಅಂತ ಬರೀತಾರ. ಸಮಾಜದ ಸಲುವಾಗಿ ಬ್ಯಾಡ, ನಿನ್ನ ಮಾಯಾನ ಸಲುವಾಗಿ ಆದ್ರೂ ಹಾಡ."

ಮೊಮ್ಮಗಳು ಮಾಯಾ ಬಾಗಿಲ ಚೌಕಟ್ಟಿಗೆ ಆತು ನಿಂತಿದ್ದಳು. ಚಿಕ್ಕೋಡಿಯಲ್ಲಿ ಎರಡನೇ ಪಿಯುಸಿ. ನರ್ಸಿಂಗಿಗೆ ಸೇರಬೇಕು ಎನ್ನುತ್ತಿದ್ದಳು. ಈಗಿನ ಸರ್ಟಿಫಿಕೇಟಿನಲ್ಲಿ ಸೀಟು ಸಿಗುವುದು ಕಷ್ಟವೆಂದು ಕಾಲೇಜಿನವರೇ ಹೇಳಿದ್ದರು. ಆದರೂ ಬೆಳಿಗ್ಗೆ ಅಜ್ಜಿಯ ತಲೆಗೆ ಎಣ್ಣೆ ಹಚ್ಚುತ್ತ, "ನಿನಗ ಬ್ಯಾಡ ಅನಿಸಿದ್ರ ಬ್ಯಾಡ ಆಯಿ," ಎಂದಿದ್ದಳು. ಹಟ ಮಾಡಿದ್ದರೆ ಕೆಂಪವ್ವ ಬೈದು ಹಗುರಾಗುತ್ತಿದ್ದಳು. ಹಟ ಮಾಡಲಿಲ್ಲವೆಂದೇ ಅವಳಿಗೆ ಸಂಕಟವಾಗಿತ್ತು.

ಅತ್ತ ದರಿ ಇತ್ತ ಪುಲಿ. ಕೆಂಪವ್ವ ಕಣ್ಣು ಮುಚ್ಚಿದಳು. ಸತ್ತಾಗ ಯಾರ ಅಳುವೂ ಸಿಗದೆ ಉಳಿದವರು ಯಾರಾದರೂ ಇದ್ದರೆ ಅವರ ಪಾಲಿನ ಅಳುವನ್ನು ಈಗ ಅತ್ತುಬಿಡಬಹುದು. ಆಗ ಹಾಡು ಹೊಸ ಹೆಣ ಕೇಳುವುದಿಲ್ಲ. ಅತ್ತೆ, ಮಾವ, ಅಣ್ಣ, ವಾರಿಗೆಯ ಹೆಂಗಸರು, ಒಬ್ಬೊಬ್ಬರನ್ನೇ ನೆನೆದಳು. ಎಲ್ಲರಿಗೂ ಅತ್ತಾಗಿತ್ತು. ಕೊನೆಗೆ ಒಬ್ಬರು ಉಳಿದರು. ಉಳಿದದ್ದು ಯಾರೆಂದು ಅವಳಿಗೆ ಮೊದಲಿನಿಂದಲೂ ಗೊತ್ತಿತ್ತು.

ಐವತ್ತು ವರ್ಷದ ಹಿಂದಿನ ಪುಷ್ಯಮಾಸ. ಆಗ ಅವರಿಗೆ ಇನ್ನೂರು ಕುರಿಗಳಿದ್ದವು. ರಾಯಬಾಗದ ದಾರಿಯಲ್ಲಿ ಹುಟ್ಟಿದ ಚೊಚ್ಚಲ ಹೆಣ್ಣುಕೂಸು, ಮೂರು ತಿಂಗಳದ್ದು. ಅಂಕಲಿಯ ಜಿನ್ನಪ್ಪನ ಹೊಲದಲ್ಲಿ ಗೊಬ್ಬರಕ್ಕೆಂದು ಕುರಿ ನಿಲ್ಲಿಸಲು ಬಿಡಾರ ಹೂಡಿದ್ದಾಗ ಎರಡು ದಿನ ಜ್ವರ ಬಂದು, ಮೂರನೆಯ ಸಂಜೆ ಮೈ ತಣ್ಣಗಾಯಿತು. ಅಳಲು ಬಾಯಿ ತೆರೆದ ಕೆಂಪವ್ವನ ಬಾಯನ್ನು ಅತ್ತೆ ಸೀತವ್ವ ಅಂಗೈಯಿಂದ ಒತ್ತಿ ಹಿಡಿದಳು. ಹಲ್ಲು ಮೂಡದ ಕೂಸಿಗೆ ಅಳಬಾರದು. ಅತ್ತರೆ ಮುಂದಿನದು ಹೊಟ್ಟೆಯಲ್ಲಿ ನಿಲ್ಲುವುದಿಲ್ಲ. ಭೀಮಸಿ ಕೂಸನ್ನು ಬಟ್ಟೆಯಲ್ಲಿ ಸುತ್ತಿ ಎತ್ತಿಕೊಂಡು ಹೋದ, ಬರಿಗೈಯಲ್ಲಿ ಬಂದ. ಇಟ್ಟ ಜಾಗವನ್ನು ಹೆತ್ತವಳಿಗೆ ಹೇಳಬಾರದು, ಅವಳು ಕೇಳಲೂ ಬಾರದು. ಬೆಳಗಾದ ಮೇಲೆ ಹಿಂಡು ಮುಂದಿನ ಊರಿಗೆ ಹೊರಟಿತು. ಎದೆ ಹಾಲು ಕಟ್ಟಿ ಸೀರೆ ತೊಯ್ದಿತ್ತು. ಕೆಂಪವ್ವ ಹಾಗೆಯೇ ಕುರಿಮರಿಗಳ ಬುಟ್ಟಿ ಹೊತ್ತು ನಡೆದಳು. ಆಮೇಲೆ ಮಗ ಬೀರದೇವ ಹುಟ್ಟಿದ, ಉಳಿದ. ಅತ್ತಿರಲಿಲ್ಲವಲ್ಲ, ಅದಕ್ಕೇ ಉಳಿದ ಎಂದರು.

ಕೆಂಪವ್ವ ಅಂಗೈಯನ್ನು ಕೆನ್ನೆಗೆ ಆನಿಸಿಕೊಂಡು ದನಿ ತೆಗೆದಳು. ಮೊದಲು ಬರೀ ಉಸಿರು ಬಂತು. ಆಮೇಲೆ ಮಾತು ಬಂತು.

"ತೊಟ್ಟಿಲ ಕಟ್ಟಲಿಲ್ಲ, ತೊಡಸಲಿಲ್ಲ ಕುಂಚಗಿ,
ಹೆಸರ ಇಡಲಿಲ್ಲ ನನ ಕೂಸ, ಏನಂತ ಕರದ ಅಳಲೇ..."

ಬೇವಿನ ಕೆಳಗೆ ತಿರುಗುತ್ತಿದ್ದ ಕದಿರು ನಿಂತಿತು. ಕೆಂಪವ್ವ ಅದನ್ನು ನೋಡಲಿಲ್ಲ. ಅವಳ ಮೈ ಹಿಂದೆ ಮುಂದೆ ತೂಗತೊಡಗಿತ್ತು.

"ಬಾಯಾಗ ಹಲ್ಲಿಲ್ಲಂತ ಬಾಯಿ ಮುಚ್ಚಿಸ್ಯಾರ ನಂದು,
ಎದಿಹಾಲು ನೆಲಕ ಚೆಲ್ಲೇನ ನನ ಕೂಸ, ನೆಲಕಾರ ನೀ ಸಿಕ್ಕೆನ?
ಎತಗೊಂಡ ಹ್ವಾದಾವ ಬರಿಗೈಲೆ ಬಂದಾನ,
ಎಲ್ಲಿಟ್ಟ ಬಂದಾನ ನನ ಕೂಸ, ಯಾವ ಮಣ್ಣ ಮುಚ್ಯಾನ?
ಕೇಳಿದರ ತಪ್ಪಂತ, ಕೇಳದನ ನನ ಹಲ್ಲ ಬಿದ್ದಾವ..."

ಇತರರಿಗೆ ಅಳುವಾಗ ಎಲ್ಲಿ ನಿಲ್ಲಿಸಬೇಕೆಂದು ಅವಳಿಗೆ ಗೊತ್ತಿರುತ್ತಿತ್ತು. ಈಗ ಗೊತ್ತಾಗಲಿಲ್ಲ. ಯಾವ ಮಣ್ಣ ಮುಚ್ಯಾನ ಎಂಬ ಸಾಲೇ ಮತ್ತೆ ಮತ್ತೆ ಬರುತ್ತಿತ್ತು. ಕೊನೆಗೆ ಮಾಯಾ ಓಡಿಬಂದು ಭುಜ ಹಿಡಿದ ಮೇಲೆಯೇ ಅವಳು ಕಣ್ಣು ತೆರೆದದ್ದು.

ಕಾಂಚನ ಮೊಬೈಲು ಆರಿಸಿ, ಮೂಗು ಒರೆಸಿಕೊಂಡು, ಹಾಳೆ ತಿರುವಿದಳು. ಕೆಲಸ ಕೆಲಸವೇ.

"ಆಯಿ, ಒಂದ ಮಾತ ಕೇಳಬೇಕ್ರಿ. ನಿಮ್ಮಲ್ಲಿ ಸಣ್ಣ ಕೂಸಿಗೂ ಹಿಂಗ ಹಾಡಿ ಅಳೋ ಪದ್ಧತಿ ಐತೇನ್ರಿ?"

"ಐತ್ರಿ, ಐತ್ರಿ," ಜ್ಞಾನದೇವ ನಡುವೆ ಬಾಯಿ ಹಾಕಿದ. "ಬೇರೆ ಜಾತ್ಯಾಗ ಎಲ್ಲೂ ಇಲ್ರಿ. ಇದು ನಮ್ಮದ ವಿಶೇಷ. ಹಂಗ ಬರಕೋರಿ."

"ಇಲ್ಲ ತಂಗಿ," ಎಂದಳು ಕೆಂಪವ್ವ. ದನಿ ಒಡೆದು ಹೋಗಿತ್ತು. "ಹಲ್ಲ ಮೂಡದ ಕೂಸಿಗೆ ನಮ್ಮಲ್ಲಿ ಅಳಂಗಿಲ್ಲ."

"ಮತ್ತ ನೀವು ಈಗ..."

"ನಾ ಮಾಡಿದ್ದು ತಪ್ಪ. ತಪ್ಪಂತನ ಬರಕೋ."

ಕಾಂಚನಳ ಪೆನ್ನು ಹಾಳೆಯ ಮೇಲೆ ಸುಮ್ಮನೆ ನಿಂತಿತ್ತು. ಪದ್ಧತಿ ಇದೆ, ಪದ್ಧತಿ ಇಲ್ಲ ಎಂದು ಗುರುತು ಹಾಕಲು ಎರಡು ಮನೆಗಳಿದ್ದವು. ತಪ್ಪನ್ನು ಬರೆಯಲು ಜಾಗವಿರಲಿಲ್ಲ. ಕಡೆಗೆ ಅವಳು ಏನನ್ನೂ ಬರೆಯದೆ ಕಟ್ಟು ಮುಚ್ಚಿ, ಕೆಂಪವ್ವನ ಕಾಲು ಮುಟ್ಟಿ ನಮಸ್ಕರಿಸಿ ಎದ್ದಳು. ಈ ಹಾಡನ್ನು ಮೇಲಿನವರಿಗೆ ಕಳಿಸುತ್ತೇನೆ, ಆಮೇಲೆ ಅವರಿಗೆ ಬಿಟ್ಟದ್ದು ಎಂದು ಮಾಯಾಳಿಗೆ ಹೇಳಿದಳು.

"ದೊಡ್ಡವರ ಹೆಣಕ್ಕ ಅಳೂದು ಬೇಕಾಗಿತ್ತು," ಜ್ಞಾನದೇವ ಕಂಬಳಿ ಮಡಚಿ ಕಂಕುಳಲ್ಲಿ ಇಟ್ಟುಕೊಳ್ಳುತ್ತ ಹೇಳಿದ. "ಎಲ್ಲಾ ಕೆಡಿಸಿದೆಲ್ಲ ಕಾಕು." ಕಾಂಚನಳನ್ನು ಬಸ್ ನಿಲ್ದಾಣಕ್ಕೆ ಬಿಡಲು ಬೈಕು ಹತ್ತಿದ.

ಭೀಮಸಿ ಬೇವಿನ ಕೆಳಗೆ ಇರಲಿಲ್ಲ. ಉಳಿದ ಹನ್ನೊಂದು ಕುರಿಗಳನ್ನು ಹೊಡೆದುಕೊಂಡು ಯಾವಾಗ ಹೋದನೋ ಯಾರೂ ನೋಡಿರಲಿಲ್ಲ. ಕಬ್ಬಿನ ಟ್ರ್ಯಾಕ್ಟರ್ ಓಡಿಸುವ ಬೀರದೇವ ಉಗಾರಕ್ಕೆ ಹೋಗಿದ್ದ. ಹೋಗಿ ಕರೆದು ತರುವವರಿರಲಿಲ್ಲ. ಮೈಯಲ್ಲಿ ಆರಾಮಿಲ್ಲದವನು ಬಿಸಿಲಲ್ಲಿ ಹೋಗಿದ್ದಾನೆಂದು ಕೆಂಪವ್ವ ಮತ್ತೆ ಮತ್ತೆ ಓಣಿಯ ತುದಿಯತ್ತ ನೋಡಿದಳು. ಹಾಡು ಕೂಸನ್ನು ಒಪ್ಪಿಕೊಂಡಿತೋ, ಇಲ್ಲ ಬೇರೆ ಹೆಣ ಹುಡುಕಿಕೊಂಡು ಅವನ ಬೆನ್ನು ಹತ್ತಿತೋ ಎಂದು ಹೆದರಿದಳು. ಮಾಯಾ ಚಹಾ ತಂದಿಟ್ಟಳು; ಅದು ಆರಿ ಕೆನೆಗಟ್ಟಿತು.

ಹೊತ್ತು ಮುಳುಗುವಾಗ ಭೀಮಸಿ ಬಂದ. ಕುರಿಗಳನ್ನು ಕೂಡಿಹಾಕಿ, ಕೈಕಾಲು ತೊಳೆದು, ಅವಳಿಂದ ಸ್ವಲ್ಪ ದೂರ, ಅಂಗಳದಲ್ಲೇ ಕುಳಿತ. ಕೆಮ್ಮು ಬಂತು. ಕೆಮ್ಮು ನಿಲ್ಲುವತನಕ ಕಾದು, ಅವಳ ಮುಖ ನೋಡದೆ ಹೇಳಿದ.

"ಜಿನ್ನಪ್ಪನ ಹೊಲದಾಗನ ಐತಿ."

ಕೆಂಪವ್ವ ಅವನ ಕಡೆ ತಿರುಗಿದಳು.

"ಹೊಳಿ ದಂಡಿಗೆ ಒಯ್ದಿದ್ದಿ ಅಂದ್ಕೊಂಡಿದ್ನಿ," ಎಂದಳು.

"ಒಯ್ದಿದ್ನಿ. ಅಲ್ಲಿ ನರಿ ಕೂಗಾಕತ್ತಿದ್ವು. ಹೊಳ್ಳಿ ತಂದ್ನಿ." ಅವನು ನೆಲ ನೋಡುತ್ತ ಮಾತಾಡಿದ. "ಹೊಲದಾಗ ತಗ್ಗ ತಗದು ಮುಚ್ಚಿ, ಅದರ ಮ್ಯಾಲ ಹಟ್ಟಿ ಹಾಕಿ ಕುರಿ ನಿಂದರಿಸಿದ್ನಿ. ಇನ್ನೂರ ಕುರಿ ರಾತ್ರಿ ತುಳದ್ರ ನೆಲ ಕಲ್ಲಾಕ್ಕೈತಿ. ನರಿಗೆ ಕೆದರಾಕ ಆಗಂಗಿಲ್ಲ."

ಆ ರಾತ್ರಿ ಹಟ್ಟಿ ಬಿಡಾರಕ್ಕೆ ತೀರ ಹತ್ತಿರವಿದ್ದದ್ದು ಕೆಂಪವ್ವನಿಗೆ ನೆನಪಾಯಿತು. ಕುರಿಗಳ ಉಸಿರು, ಗೊರಸಿನ ಸಪ್ಪಳ ಬೆಳಗಿನವರೆಗೂ ಕಿವಿಯ ಪಕ್ಕದಲ್ಲೇ ಇದ್ದಂತಿತ್ತು. ತಾನು ಅಂಜಬಾರದೆಂದು ಗಂಡ ಹಿಂಡನ್ನು ಹತ್ತಿರ ತಂದು ನಿಲ್ಲಿಸಿದ್ದಾನೆಂದು ಆಗ ತಿಳಿದಿದ್ದಳು.

"ನಾ ಮಲಗಿದ್ನೆಲ್ಲ, ಅಲ್ಲಿಂದ ಎಷ್ಟ ದೂರ?"

"ನಾಕ ಮಾರು. ಭಾಳ ಅಂದ್ರ ಐದು."

ಮಾಯಾ ಒಳಗೆ ದೀಪ ಹಾಕಿದಳು. ಹೊಸ್ತಿಲು ದಾಟಿ ಬಂದ ಬೆಳಕು ಇಬ್ಬರ ನಡುವಿನ ನೆಲದ ಮೇಲೆ ಬಿತ್ತು. ಕೆಂಪವ್ವ ಕೇಳಬೇಕೋ ಬೇಡವೋ ಎಂದು ತೂಗುತ್ತಿದ್ದಳು.

"ತಲಿ ಯಾವ ಕಡೆ ಮಾಡಿ ಇಟ್ಟಿದ್ದಿ?"

"ದಕ್ಷಿಣಕ್ಕ ಇಡಬೇಕಂತ ಅವ್ವ ಹೇಳಿ ಕಳಿಸಿದ್ಲು," ಎಂದ ಭೀಮಸಿ. "ನಾ ಹಂಗ ಇಡಲಿಲ್ಲ. ನಿನ್ನ ಕಡೆ ಮಾಡಿ ಇಟ್ನಿ."

ಕೆಂಪವ್ವ ಅಂಗೈಯನ್ನು ನೆಲದ ಮೇಲೆ ಊರಿದಳು. ಹಗಲಿಡೀ ಕಾದ ಮಣ್ಣು ಇನ್ನೂ ಬೆಚ್ಚಗಿತ್ತು. ಅವಳು ಕೈ ತೆಗೆಯಲಿಲ್ಲ.