ಮೂರು ಮೀಟರ್ ಹದಿಮೂರು

ದೀಪಾವಳಿ ರಜೆ ಮುಗಿದು ಕಾಲೇಜು ತೆರೆದ ಮೊದಲ ದಿನವೇ ಶಿದ್ರಾಯ ಸರ್ ಮುಸರತಳನ್ನು ಆಟದ ಸಾಮಾನಿನ ಕೋಣೆಗೆ ಕರೆಸಿಕೊಂಡರು. ಬಾಗಿಲು ಮುಂದಕ್ಕೆಳೆದು ಮಾತಾಡುವ ಮನುಷ್ಯ ಅವರಲ್ಲ. ಅಂದು ಎಳೆದರು.

"ಕುಂದ್ರವಾ."

ಅವಳು ಕೂರಲಿಲ್ಲ.

"ವಿದ್ಯಾಪೀಠದಿಂದ ಮಂದಿ ಬರಾಕತ್ತಾರ. ಬರೂ ಗುರುವಾರ. ನಮ್ಮ ರಿಂಗ್ ಅಳೀತಾರಂತ."

"ಅಳೀಲಿ ಬಿಡ್ರಿ. ಅದರಾಗ ಮುಚ್ಚೂದೇನದ?"

ಸರ್ ಕೈಯಲ್ಲಿದ್ದ ಸೀಟಿಯ ದಾರವನ್ನು ಬೆರಳಿಗೆ ಸುತ್ತಿದರು, ಬಿಚ್ಚಿದರು. "ನಿಮ್ಮಪ್ಪ ಬೇಕಂತ ರಿಂಗ್ ಕೆಳಗ ಬಡದಾನ ಅಂತ ತಕರಾರ್ ಹೋಗೇದ. ಮಗಳಿಗಿ ಹಗರ ಆಗ್ಲಿ ಅಂತ."

"ಸರ್, ಅಬ್ಬಾ ಅದನ್ನ ಬಡದಾಗ ನಾ ನಾಕನೇತ್ತಾ ಸಾಲ್ಯಾಗ ಇದ್ದೆ. ಮಗಳು ಮುಂದ ಬಾಸ್ಕೆಟ್‌ಬಾಲ್ ಆಡ್ತಾಳ ಅಂತ ಅವಂಗ ಕನಸ ಬಿದ್ದಿತ್ತೇನ್ರಿ?"

"ನನಗ್ಯಾಕ ಕೇಳ್ತಿ? ನಾ ಬರದಿಲ್ಲಲ್ಲ."

ಬರೆದವರು ಯಾರೆಂದು ಕೇಳುವ ಅಗತ್ಯವಿರಲಿಲ್ಲ. ವಿದ್ಯಾಪೀಠದ ಮಹಿಳಾ ಪಂದ್ಯಗಳಲ್ಲಿ ಒಬ್ಬಳೇ ಆಟಗಾರ್ತಿ ತನ್ನ ಕಾಲೇಜು ದಿನಗಳಲ್ಲೆಲ್ಲ ಗಳಿಸಿದ ಅತಿ ಹೆಚ್ಚು ಅಂಕ ಆರುನೂರ ಹನ್ನೆರಡು. ಐದು ವರ್ಷ ಆ ಸಂಖ್ಯೆಯನ್ನು ಯಾರೂ ಅಲುಗಾಡಿಸಿರಲಿಲ್ಲ. ಅದನ್ನು ಗಳಿಸಿದಾಕೆ ಈಗ ತಾನು ಓದಿದ ಶಹರದ ಕಾಲೇಜಿನಲ್ಲೇ ಹುಡುಗಿಯರಿಗೆ ಆಟ ಕಲಿಸುವ ಮ್ಯಾಡಮ್. ಗಡಿಯಾಚೆಯ ಮರಾಠಿ ರಾಜ್ಯಕ್ಕೆ ಸೇರಿದ ಸಂಖ ಎಂಬ ಊರಿನ ಮಾಳದ ಮೇಲಿನ, ಮಣ್ಣಿನ ಅಂಗಳದ ಈ ಕಾಲೇಜಿನಿಂದ, ವೆಲ್ಡಿಂಗ್ ಅಂಗಡಿಯ ಅಮೀನಸಾಬನ ಮಗಳು ಬಿ.ಎ. ಮೂರನೇ ವರ್ಷದಲ್ಲಿ, ಇನ್ನೂ ಪಂದ್ಯಗಳು ಬಾಕಿ ಇರುವಾಗಲೇ, ಆರುನೂರ ಮೂವತ್ತೊಂದಕ್ಕೆ ಬಂದು ನಿಂತಿದ್ದಳು.

ಮ್ಯಾಡಮ್ಮರ ತಕರಾರಿನಲ್ಲಿ ಬೈಗುಳವೇನೂ ಇರಲಿಲ್ಲ. ಲೆಕ್ಕವಿತ್ತು. ಮುಸರತ ತನ್ನ ಅಂಗಳದಲ್ಲಿ ಆಡಿದ ಪಂದ್ಯಗಳಲ್ಲಿ ಸರಾಸರಿ ಹತ್ತೊಂಬತ್ತು ಅಂಕ, ಪರವೂರಲ್ಲಿ ಹನ್ನೊಂದು. ಸ್ವಂತ ಅಂಗಳದ ಅಂಕಗಳು ಇನ್ನೂರ ಅರವತ್ತೆಂಟು. ಅವನ್ನು ತೆಗೆದರೆ ಉಳಿಯುವುದು ಮುನ್ನೂರ ಅರವತ್ಮೂರು. ರಿಂಗ್ ಬೆಸೆದವನು ಆಟಗಾರ್ತಿಯ ತಂದೆ ಎಂಬುದನ್ನು ಕೊನೆಯ ಸಾಲಿನಲ್ಲಿ ಬರೆದಿದ್ದರು, ಅದೂ ಬಹಳ ಸಭ್ಯವಾಗಿ.

ಆ ಹತ್ತೊಂಬತ್ತು ಮತ್ತು ಹನ್ನೊಂದು ಮುಸರತಳಿಗೆ ಹೊಸವಲ್ಲ. ಎರಡು ವರ್ಷಗಳಿಂದ ಅವು ಅವಳನ್ನು ಕೊರೆಯುತ್ತಿದ್ದವು. ಬೇರೆ ಊರಿನಲ್ಲಿ ಆಟದ ಮೊದಲ ಅರ್ಧವಿಡೀ ಅವಳ ಚೆಂಡು ರಿಂಗನ್ನು ದಾಟಿ ಹಿಂದಿನ ಹಲಗೆಗೆ ಧಡ್ಡನೆ ಬಡಿಯುತ್ತಿತ್ತು. ಶಹರದ ಹುಡುಗಿಯರು "ಚಂದ್ರನಿಗೆ ಎಸೆ" ಎಂದು ಮರಾಠಿಯಲ್ಲಿ ಕೂಗುತ್ತಿದ್ದರು. ಪರವೂರು, ಸಿಮೆಂಟಿನ ನೆಲ, ಅಷ್ಟು ಜನ; ಹೆದರಿಕೆಗೆ ಕೈ ಅಂಕೆ ತಪ್ಪುತ್ತದೆ ಎಂದು ಅವಳೇ ತನಗೆ ಸಮಾಧಾನ ಹೇಳಿಕೊಂಡಿದ್ದಳು. ಈಗ ಆ ಸಮಾಧಾನವೂ ಹೋಯಿತು.

ಸಂಜೆ ಮನೆಯಲ್ಲಿ ವಿಷಯ ಹೇಳಿದಾಗ ಅಮೀನಸಾಬ ರೊಟ್ಟಿ ಮುರಿಯುತ್ತಿದ್ದವನು ಹಾಗೇ ಕುಳಿತ. ಅವನು ಸಿಟ್ಟಾಗುತ್ತಾನೆ ಎಂದು ಅವಳು ತಿಳಿದಿದ್ದಳು. ಅವನು ಲೆಕ್ಕ ಹಾಕತೊಡಗಿದ.

"ಆಗಿನ ಸರ್ ಹತ್ತು ಫೂಟ್ ಅಂತ ಹೇಳಿದ್ರು," ಎಂದ. "ಹತ್ತು ಫೂಟ ನಾ ಅಳದದ್ದೂ ಖರೆ. ಆದ್ರ ನೆಲದ ಮ್ಯಾಲಿಂದ ಅಳದಿನ್ಯೋ, ಕಂಬದ ತಗ್ಗಿನ ತಳದಿಂದ ಅಳದಿನ್ಯೋ..."

"ನೆನಪ ಇಲ್ಲೇನ ಅಬ್ಬಾ?"

"ಹತ್ತು ವರ್ಷ ಆತಲ್ಲ ಬೇಟಿ. ಆ ವಾರ ಮೂರ ನೇಗಿಲ, ಎರಡ ತೊಟ್ಟಲ, ಈ ಜೋಡಿ ರಿಂಗ. ಯಾವುದಂತ ನೆನಪ ಇಡ್ಲಿ?"

ತಾಯಿ ಮಾಸುಮಬಿ ಒಲೆಯ ಮುಂದಿನಿಂದಲೇ ತೀರ್ಪು ಕೊಟ್ಟಳು. "ಅದಕ್ಯಾಕ ಇಷ್ಟ ಚಿಂತಿ? ನಾಳಿ ಕಾಲೇಜ ಬಿಟ್ಟ ಮ್ಯಾಲ ಹೋಗಿ ಅಳದ ಬರ್ರಿ. ಕಮ್ಮಿ ಬಿದ್ರ ಒಂಚೂರ ಎತ್ತಿ ಬೆಸೀರಿ. ಯಾರ ನೋಡ್ತಾರ?"

ಅಮೀನಸಾಬನ ಕಣ್ಣು ಗೂಟಕ್ಕೆ ನೇತುಹಾಕಿದ್ದ ಟೇಪಿನ ಕಡೆ ಹೋಯಿತು. ಮುಸರತ ಅದನ್ನು ನೋಡಿದಳು.

"ಹೋಗಬ್ಯಾಡ ಅಬ್ಬಾ."

"ಬೆಸೂದಿಲ್ಲ. ಬರೇ ನೋಡ್ತೀನಿ."

"ನೋಡೂದೂ ಬ್ಯಾಡ. ನೋಡಿದ್ರ ನಿನ್ನ ಕೈ ಸುಮ್ನಿರೂದಿಲ್ಲ. ಕೈ ಹಚ್ಚಿದ್ರ ಅವ್ರ ಮಾತ ಖರೆ ಆಗ್ತದ."

"ಕಮ್ಮಿ ಇದ್ರ?" ಎಂದಳು ತಾಯಿ. "ನಾಕ ಮಂದಿ ಮುಂದ ನಿಮ್ಮಪ್ಪನ ಮಾರಿ ಎಲ್ಲಿ ಇಡ್ತಿ?"

"ಕಮ್ಮಿ ಇದ್ರ ನನ್ನ ಇನ್ನೂರ ಅರವತ್ತೆಂಟ ನಾನ ಹೊಡದ ಹಾಕ್ತೀನಿ. ಆದ್ರ ಅಬ್ಬಾ ಕದ್ದಾನ ಅಂದ್ರ ಮಾತ್ರ ನಾ ಕೇಳೂದಿಲ್ಲ."

ಹೇಳಿದ್ದೇನೋ ಹೇಳಿದಳು. ಆ ಮೂರು ದಿನ ಅಂಗಳಕ್ಕೆ ಹೋದಾಗಲೆಲ್ಲ ಅವಳು ರಿಂಗಿನ ಕಡೆ ತಲೆಯೆತ್ತಲು ಹೆದರಿದಳು. ದಿಟ್ಟಿಸಿ ನೋಡಿದರೆ ಅದು ಕಣ್ಣೆದುರೇ ತಗ್ಗಿಬಿಡುತ್ತದೆ ಎನ್ನಿಸುತ್ತಿತ್ತು.

ಗುರುವಾರ ಬೆಳಿಗ್ಗೆ ಶಿದ್ರಾಯ ಸರ್ ಹುಡುಗಿಯರ ಕೈಗೆ ಎಂದಿನಂತೆ ಕಸಬರಿಗೆ ಕೊಟ್ಟು, ಇಂದು ಎರಡು ಸಲ ಹೊಡೆಯಿರಿ ಎಂದರು.

"ಮದಿಮಗ ಬರಾಂವ ಇದ್ದಾನೇನ್ರಿ ಸರ್?" ಎಂದಳು ಗುರವ್ವ. ಮುಸರತಳ ಜೊತೆಯಲ್ಲಿ ಮೊದಲ ವರ್ಷದಿಂದ ಆಡಿದವಳು. ಸುಮ್ಮನಿರುವುದು ಅವಳ ಜಾಯಮಾನದಲ್ಲಿರಲಿಲ್ಲ. "ಇದ್ರ ಮೊದ್ಲ ಹೇಳ್ರಿ, ಮಾರಿನರ ತೊಳಕೊಂಡ ಬರ್ತೀವಿ."

"ಬಾಯಿ ಮುಚ್ಚಿ ಹೊಡಿ."

ಪಕ್ಕದ ವಾಲಿಬಾಲ್ ಅಂಗಳದಲ್ಲಿ ಹುಡುಗರು ಆಗಲೇ ಆಟ ಹಚ್ಚಿದ್ದರು. ಅವರ ಅಂಗಳಕ್ಕೆ ಕಸಬರಿಗೆ ತಾಗಿದ್ದನ್ನು ಯಾರೂ ಕಂಡಿರಲಿಲ್ಲ.

ಹತ್ತರ ಸುಮಾರಿಗೆ ಜೀಪು ಬಂತು. ಇಳಿದವರು ಇಬ್ಬರು. ವಿದ್ಯಾಪೀಠದ ಕ್ರೀಡಾ ವಿಭಾಗದ ಸಾಹೇಬರಿಗೆ ಕನ್ನಡ ಬರುತ್ತಿತ್ತು. ಅವರ ತಾಯಿಯ ತವರು ಇಲ್ಲೇ ಹತ್ತಿರದ ಉಮದಿಯಂತೆ. ಮ್ಯಾಡಮ್ ಮರಾಠಿಯವರು. ಎತ್ತರದ ಹೆಂಗಸು, ಬಿಳಿ ಬೂಟು, ಕುತ್ತಿಗೆಯಲ್ಲಿ ಸೀಟಿ. ಅವರು ಯಾರಿಗೂ ಕಾಯದೆ ಅಂಗಳಕ್ಕಿಳಿದು, ಬಿದ್ದಿದ್ದ ಚೆಂಡನ್ನು ಎತ್ತಿ ಎರಡು ಸಲ ನೆಲಕ್ಕೆ ಕುಟ್ಟಿ, ಫ್ರೀ ಥ್ರೋ ಗೆರೆಯ ಮೇಲೆ ನಿಂತು ಎಸೆದರು. ಚಂದದ ಎಸೆತ. ಚೆಂಡು ರಿಂಗಿನ ಮುಂದಿನ ಅಂಚಿಗೆ ತಾಗಿ ವಾಪಸು ಬಂತು. ಇನ್ನೊಮ್ಮೆ ಎಸೆದರು. ಮತ್ತೆ ಅಲ್ಲಿಗೇ ತಾಗಿತು.

ಮುಸರತ ಚೆಂಡನ್ನು ನೋಡುತ್ತಿರಲಿಲ್ಲ, ಮ್ಯಾಡಮ್ಮರ ಮುಂಗೈ ನೋಡುತ್ತಿದ್ದಳು. ಆ ಕೈಯಲ್ಲಿ ತಪ್ಪಿರಲಿಲ್ಲ. ಮತ್ತೆ ಚೆಂಡೇಕೆ ರಿಂಗಿನೊಳಗೆ ಬೀಳಲಿಲ್ಲ?

ಏಣಿ ಅಮೀನಸಾಬನ ಅಂಗಡಿಯಿಂದಲೇ ಬಂದಿತ್ತು. ಹೊತ್ತುಕೊಂಡು ಬಂದವನೂ ಅವನೇ; ಅದನ್ನು ಕಂಬಕ್ಕೆ ಆನಿಸಿ, ತಾನು ಮುಟ್ಟಬಾರದು ಎಂಬಂತೆ ಎರಡೂ ಕೈ ಹಿಂದೆ ಕಟ್ಟಿ ದೂರ ನಿಂತ. ಶಿದ್ರಾಯ ಸರ್ ಮೇಲೆ ಹತ್ತಿ ಟೇಪಿನ ತುದಿಯನ್ನು ರಿಂಗಿಗೆ ಹಿಡಿದರು. ಸಾಹೇಬರು ಕೆಳಗೆ ಮೊಣಕಾಲೂರಿ ಟೇಪನ್ನು ನೆಲಕ್ಕೆ ಒತ್ತಿದರು. ಕನ್ನಡಕ ತೆಗೆದರು, ಒರೆಸಿದರು, ಮತ್ತೆ ಹಾಕಿಕೊಂಡರು.

"ಹೆಚ್ಚೋ ಕಮ್ಮಿಯೋ ಒದರ್ರಿ ಸಾಹೇಬ್ರ," ಎಂದಳು ಗುರವ್ವ, "ಇಲ್ಲಿ ಜೀವ ಹೊಂಟದ."

"ಮೂರು ಮೀಟರ್ ಐದು ಸೆಂಟಿಮೀಟರ್ ಇರಬೇಕು," ಎಂದರು ಸಾಹೇಬರು ನಿಧಾನವಾಗಿ. "ಇದು ಹದಿಮೂರು ಅದ. ಮೂರು ಮೀಟರ್ ಹದಿಮೂರು."

ಆ ತುದಿಯ ರಿಂಗನ್ನೂ ಅಳೆದರು. ಅದೂ ಹದಿಮೂರೇ.

ರಿಂಗ್ ಕೆಳಗಲ್ಲ, ಎಂಟು ಸೆಂಟಿಮೀಟರ್ ಮೇಲಿತ್ತು; ಅದು ಹೇಗೆಂದು ಕ್ಷಣಹೊತ್ತು ಯಾರಿಗೂ ಅರ್ಥವಾಗಲಿಲ್ಲ. ಅಮೀನಸಾಬನಿಗೆ ಮೊದಲು ಆಯಿತು. ಅವನು ಕಂಬದ ಬುಡಕ್ಕೆ ಬಂದು ಕುಕ್ಕರಗಾಲಲ್ಲಿ ಕುಳಿತು, ಅಲ್ಲಿದ್ದ ಕಾಂಕ್ರೀಟಿನ ಕಟ್ಟೆಯ ಮೇಲೆ ಅಂಗೈ ಇಟ್ಟ. ಹುಡುಗಿಯರು ಬೂಟಿನ ಲಾಡಿ ಕಟ್ಟಲು ದಿನಾ ಕಾಲಿಡುತ್ತಿದ್ದ ಕಟ್ಟೆ ಅದು.

"ಇದನ್ನ ನಾ ನೆಲದ ಸಮಾ ಹಾಕಿದ್ದೆ ಸಾಹೇಬ್ರ," ಎಂದ. "ಮ್ಯಾಲ ಕಾಣೂಹಂಗ ಹಾಕಿದ್ದಿಲ್ಲ. ಈಗ ನಾಕ ಬೆರಳ ಹೊರಗ ಬಂದದ ನೋಡ್ರಿ."

"ಹಂಗಾದ್ರ ಮಣ್ಣ ಎಲ್ಲಿ ಹೋತು?"

ಗುರವ್ವ ಕಸಬರಿಗೆಯನ್ನು ಮೇಲೆತ್ತಿ ತೋರಿಸಿದಳು. "ನಾವ ಹೊಡದೇವ್ರಿ. ದಿನಾ ಮುಂಜಾನಿ. ಹುಡುಗ್ಯಾರಿಗಿ ಆಡೂದಿದ್ರ ಮೊದ್ಲ ಕಸಾ ಹೊಡೀಬೇಕು ಅಂತ ಕಾಯ್ದೆ ಅದಲ್ಲ ಇಲ್ಲಿ? ನಮ್ಮ ಮುಂದಿನವ್ರೂ ಹೊಡದಾರ, ಅವ್ರ ಮುಂದಿನವ್ರೂ ಹೊಡದಾರ. ಅಗಾ, ನಮ್ಮ ಕಮಾಯಿ ಅಲ್ಲಿ ಬಿದ್ದದ."

ಎಲ್ಲರೂ ಬೇಲಿಯತ್ತ ತಿರುಗಿದರು. ಮುಳ್ಳುಕಂಟಿಯ ಗುಂಟ ಮೊಣಕಾಲೆತ್ತರದ ಒಡ್ಡಿನಂತೆ ಮಣ್ಣು ಬಿದ್ದಿತ್ತು. ಅದು ಒಡ್ಡೇ ಎಂದು ಎಲ್ಲರೂ ತಿಳಿದಿದ್ದರು. ಪಕ್ಕದ ವಾಲಿಬಾಲ್ ಅಂಗಳ, ಈಗ ನೋಡಿದರೆ, ಇವರದಕ್ಕಿಂತ ಒಂದು ಮೆಟ್ಟಿಲು ಮೇಲಿತ್ತು.

ಮುಸರತಳಿಗೆ ನಗು ಬಂತು, ಅದರ ಹಿಂದೆಯೇ ಸಿಟ್ಟು ಬಂತು. ಅವಳ ಎರಡು ವರ್ಷದ ಹೆದರಿಕೆ ಹೆದರಿಕೆಯೇ ಆಗಿರಲಿಲ್ಲ! ಎತ್ತರದ ರಿಂಗಿಗೆ ಪಳಗಿದ ಕೈ ಅದು. ಪರವೂರಿನ ಸರಿಯಾದ ರಿಂಗನ್ನು ದಾಟದೆ ಇನ್ನೇನು ಮಾಡೀತು?

ಮ್ಯಾಡಮ್ ಸೋಲುವವರ ಪೈಕಿಯಲ್ಲ. "ಹೆಚ್ಚೋ ಕಡಿಮೆಯೋ, ನಿಯಮಕ್ಕೆ ಎರಡೂ ಒಂದೇ," ಎಂದರು ಮರಾಠಿಯಲ್ಲಿ. "ಅಳತೆ ತಪ್ಪಿದ ರಿಂಗಿನ ಅಂಕಗಳು ಲೆಕ್ಕಕ್ಕೆ ಬರುವುದಿಲ್ಲ. ಇನ್ನೂರ ಅರವತ್ತೆಂಟು ತೆಗೆಯಬೇಕು."

ಮುಸರತಳೂ ಮರಾಠಿಯಲ್ಲೇ ಉತ್ತರಿಸಿದಳು, ಒಂದೊಂದೇ ಮಾತನ್ನು ಆರಿಸಿ ಇಟ್ಟು. "ತೆಗೆಯಿರಿ ಮ್ಯಾಡಮ್. ಆದರೆ ಈ ರಿಂಗಿಗೆ ನಾನೊಬ್ಬಳೇ ಎಸೆದಿಲ್ಲ. ತೊಂಬತ್ತೈದರಲ್ಲಿ ನೀವು ಇಲ್ಲಿ ಆಡಿ ಇಪ್ಪತ್ತಾರು ಗಳಿಸಿದ್ದೀರಿ. ನಿಮ್ಮ ಆರುನೂರ ಹನ್ನೆರಡರಲ್ಲಿ ಅವೂ ಇವೆ. ಅಂದು ಮಣ್ಣು ಎಷ್ಟು ಇಳಿದಿತ್ತೋ ಯಾರು ಬಲ್ಲರು? ಅವನ್ನೂ ತೆಗೆಯಿರಿ. ಹೋದ ವರ್ಷ ಇದೇ ಅಂಗಳದಲ್ಲಿ ಗೆದ್ದ ಕಪ್ಪು ನಿಮ್ಮ ಕಾಲೇಜಿನ ಕಪಾಟಿನಲ್ಲಿದೆ. ಅದನ್ನೂ ವಾಪಸು ತನ್ನಿ."

ವಾಲಿಬಾಲ್ ಆಡುತ್ತಿದ್ದ ಹುಡುಗರ ಚೆಂಡಿನ ಸದ್ದೂ ನಿಂತಿತ್ತು. ಮ್ಯಾಡಮ್ಮರ ಕಿವಿ ಕೆಂಪಾಯಿತು. ಸಾಹೇಬರು ತಲೆ ಕೆರೆದುಕೊಂಡರು. ಆ ಕಪ್ಪನ್ನು ಕೊಟ್ಟವರು ಅವರೇ.

"ಜಗಳ ಬ್ಯಾಡ," ಎಂದು ಅವರು ಜೀಪಿನ ಬಾನೆಟ್ ಮೇಲೆ ಕಾಗದ ಹರಡಿದರು. "ಅಳತಿ ಸರಿ ಅದ, ಮೂರು ಮೀಟರ್ ಐದು ಅಂತ ಬರೀತೀನಿ. ತಕರಾರ್ ಖಲಾಸ್. ನಿನ್ನ ಆರುನೂರ ಮೂವತ್ತೊಂದು ನಿನಗ. ಇವ್ರ ಕಪ್ಪು ಇವ್ರಿಗೆ. ಶಿದ್ರಾಯ, ನೀವು ಎರಡ ಟ್ರ್ಯಾಕ್ಟರ್ ಮುರುಮ ಮಣ್ಣ ಹಾಕಿ ಅಂಗಳ ಏರಿಸ್ರಿ. ಬಾರವಾ, ಸಹಿ ಮಾಡು."

"ಮಾಡವಾ, ಲಗೂನ ಮಾಡು," ಎಂದರು ಶಿದ್ರಾಯ ಸರ್. ಏಣಿ ಇಳಿದ ಮೇಲೆ ಈಗಷ್ಟೇ ಅವರ ಮುಖಕ್ಕೆ ಬಣ್ಣ ಬಂದಿತ್ತು.

ಮುಸರತ ಪೆನ್ನು ತೆಗೆದುಕೊಂಡಳು. ಓದಿದಳು. ಅವಳ ಅಂಕಗಳೆಲ್ಲ ಅಲ್ಲಿ ಸುರಕ್ಷಿತವಾಗಿದ್ದವು. ಒಂದು ಸಹಿ ಹಾಕಿದರೆ ವಿದ್ಯಾಪೀಠದ ದಾಖಲೆ ಅವಳದು. ಪೆನ್ನನ್ನು ಬಾನೆಟ್ ಮೇಲೆ ಇಟ್ಟಳು.

"ಐದು ಅಂತ ಯಾಕ ಬರದೀರಿ ಸಾಹೇಬ್ರ? ಹದಿಮೂರು ಬರೀರಿ."

"ಅಯ್ಯ ಹುಚ್ಚಿ," ಎಂದರು ಸಾಹೇಬರು ದನಿ ತಗ್ಗಿಸಿ. "ಹದಿಮೂರು ಬರದ್ರ ಕಾಗದ ಮ್ಯಾಲ ಹೋಗ್ತದ. ಅಲ್ಲಿ ಕುಂತಾವ್ರು ನಿಯಮ ನೋಡ್ತಾರ. ನಿನ್ನ ಇನ್ನೂರ ಅರವತ್ತೆಂಟೂ ಹೊಡದ ಹಾಕಿದ್ರೂ ಹಾಕ್ಯಾರು. ನಿನ್ನ ಚಲೋದಕ್ಕ ಹೇಳಾಕತ್ತೀನಿ."

"ಹಾಕ್ಲಿ."

"ಮುಸರತ," ಎಂದ ಅಮೀನಸಾಬ ಹಿಂದಿನಿಂದ. "ಬಿಡವಾ. ನನಗ ಗೊತ್ತಾತು, ನಿನಗ ಗೊತ್ತಾತು. ಸಾಕು."

"ಸಾಲೂದಿಲ್ಲ ಅಬ್ಬಾ." ಅವಳು ಜೀಪಿಗೆ ಒತ್ತಿ ನಿಂತಳು. "ನೀ ಕೆಳಗ ಬಡದಿ ಅಂತ ಐದ ತಾಲೂಕಿಗಿ ಕೇಳೂಹಂಗ ಬರದಾರ. ಮ್ಯಾಲ ಅದ ಅನ್ನೂದನ್ನ ಮಾತ್ರ ಕಿವ್ಯಾಗ ಹೇಳಿ ಹೋಗ್ತಾರ. ಯಾಕ? ನಾ ಮ್ಯಾಲಿನ ರಿಂಗಿಗಿ ಹಾಕೀನಿ. ಈ ಹುಡುಗ್ಯಾರೆಲ್ಲಾರೂ ಹಾಕ್ಯಾರ. ಸಾಹೇಬ್ರ, ಹದಿಮೂರು ಬರೀರಿ. ಮಣ್ಣ ಹೆಂಗ ಹೋತು ಅನ್ನೂದನ್ನೂ ಬರೀರಿ. ಹುಡುಗ್ಯಾರು ಕಸಾ ಹೊಡದು ಹೋತು ಅಂತ. ಇಲ್ಲಂದ್ರ ನಾ ಸಹಿ ಮಾಡೂದಿಲ್ಲ."

"ನಾನೂ ಮಾಡೂದಿಲ್ಲ," ಎಂದಳು ಗುರವ್ವ. ಅವಳ ಸಹಿಯನ್ನು ಯಾರೂ ಕೇಳಿರಲಿಲ್ಲ.

ಸಾಹೇಬರು ಮರಾಠಿಯಲ್ಲಿ ಏನೋ ಗೊಣಗಿ, ಕಾಗದವನ್ನು ಹರಿದು, ಹೊಸದು ತೆಗೆದರು. ಬರೆಯಲು ಬಹಳ ಹೊತ್ತು ಹಿಡಿಯಿತು. ಮುಸರತ ಪಕ್ಕದಲ್ಲೇ ನಿಂತು ಒಂದೊಂದು ಅಕ್ಷರವನ್ನೂ ನೋಡಿದಳು. 'ಸ್ವಚ್ಛತೆಯ ಕಾರಣದಿಂದ' ಎಂದು ಅವರು ಬರೆದಾಗ, ಯಾರು ಮಾಡಿದ ಸ್ವಚ್ಛತೆ ಎಂದು ಕೇಳಿದಳು. ಅವರು ಹಲ್ಲು ಕಚ್ಚಿ 'ವಿದ್ಯಾರ್ಥಿನಿಯರು ಮಾಡಿದ' ಎಂದು ಮೇಲೆ ಸೇರಿಸಿದರು. ಆಮೇಲೆ ಅವಳು ಸಹಿ ಮಾಡಿದಳು, ಪೂರ್ತಿ ಹೆಸರು, ತಂದೆಯ ಹೆಸರಿನೊಂದಿಗೆ.

ಅವಳ ಕೆಳಗೆ ಮ್ಯಾಡಮ್ ಸಹಿ ಮಾಡಬೇಕಿತ್ತು. ಅವರು ಪೆನ್ನು ಹಿಡಿದು ಸ್ವಲ್ಪ ಹೊತ್ತು ರಿಂಗನ್ನೇ ನೋಡಿದರು. ಮಾಡಿದರು. ಜೀಪು ಹತ್ತುತ್ತ, "ಅಂಕಗಳು ಉಳಿಯುತ್ತವೆ ಎಂದುಕೊಳ್ಳಬೇಡ," ಎಂದರು. "ಭಾನುವಾರ ನಮ್ಮ ಅಂಗಳದಲ್ಲಿ ಪಂದ್ಯವಿದೆ. ಅಲ್ಲಿ ಎಲ್ಲವೂ ನಿಯಮದ ಪ್ರಕಾರ."

"ಬರ್ತೀನಿ ಮ್ಯಾಡಮ್," ಎಂದಳು ಮುಸರತ, ಈ ಸಲ ಕನ್ನಡದಲ್ಲೇ; ಅರ್ಥವಾಗದಿದ್ದರೆ ಸಾಹೇಬರು ಹೇಳಿಕೊಡಲಿ. "ಬರುವಾಗ ಟೇಪ್ ನಾ ತರ್ತೀನಿ."